ಓಲ್ಡ್ ಫೇತ್‌ಫುಲ್‌ನ ಎರಡು ಗುಡ್ಡ

‘ಆರ್’ ಭಾಷೆ ಇನ್‌ಸ್ಟಾಲ್ ಮಾಡಿದ್ರೆ ಜೊತೆಗೇ ‘ಫೇತ್‌ಫುಲ್’ ಅನ್ನೋ ಒಂದು ಪುಟ್ಟ ಡೇಟಾ ಬರುತ್ತೆ. ಅಮೆರಿಕದ ಯೆಲ್ಲೋಸ್ಟೋನ್ ಪಾರ್ಕಿನಲ್ಲಿ ಓಲ್ಡ್ ಫೇತ್‌ಫುಲ್ ಅಂತ ಬಿಸಿನೀರಿನ ಬುಗ್ಗೆ ಇದೆಯಲ್ಲ, ಅದು ಎಷ್ಟು ನಿಮಿಷ ಚಿಮ್ಮಿತು, ಮತ್ತೆ ಚಿಮ್ಮೋಕೆ ಎಷ್ಟು ಹೊತ್ತು ಕಾಯಬೇಕಾಯ್ತು ಅಂತ ಬರೆದಿಟ್ಟ 272 ಸಾಲುಗಳು, ಅಷ್ಟೇ. ಅದರ ಹೆಲ್ಪ್ ಪುಟದ ತಳದಲ್ಲಿ ಒಂದು ಹೆಸರಿದೆ, ಬಹಳ ಜನ ಅಲ್ಲೀವರೆಗೂ ಹೋಗಲ್ಲ: ವೋಲ್ಫ್‌ಗಾಂಗ್ ಹೆರ್ಡ್ಲೆ. ಜರ್ಮನಿಯ ಸಂಖ್ಯಾಶಾಸ್ತ್ರಜ್ಞ. 1991ರಲ್ಲಿ ಬಂದ ಅವರ ‘ಸ್ಮೂತಿಂಗ್ ಟೆಕ್ನಿಕ್ಸ್’ ಪುಸ್ತಕದ ಉಲ್ಲೇಖ ಅದು.

ಸ್ಮೂತಿಂಗ್ ಅಂದ್ರೆ ಏನು? (ಸ್ವಲ್ಪ ಕೊರೆತ, ಸಹಿಸಿಕೊಳ್ಳಿ :-)) ಪ್ರತಿ ಅಂಕಿ ಇರುವ ಜಾಗದಲ್ಲೂ ಒಂದೊಂದು ಹಿಡಿ ಮರಳು ಸುರಿಯಿರಿ. ಅಕ್ಕಪಕ್ಕದ ಗುಪ್ಪೆಗಳು ಸೇರಿ ಆಗುವ ಆಕಾರವೇ ನಿಮ್ಮ ಚಿತ್ರ. ಒಂದೊಂದು ಗುಪ್ಪೆ ಎಷ್ಟು ಅಗಲ ಹರಡಬೇಕು? ಇಡೀ ವಿದ್ಯೆ ಆ ಒಂದು ಸಂಖ್ಯೆಯ ಮೇಲೆ ನಿಂತಿದೆ, ಅದಕ್ಕೆ ಬ್ಯಾಂಡ್‌ವಿಡ್ತ್ ಅಂತಾರೆ. ಬುಗ್ಗೆ ಚಿಮ್ಮಿದ ನಿಮಿಷಗಳಿಗೆ 0.03 ಕೊಡಿ, ಮುಳ್ಳುಹಂದಿ ಕಾಣುತ್ತೆ. 1.5 ಕೊಡಿ, ನಯವಾದ ಒಂದೇ ಗುಡ್ಡ. ಆರ್ ತಾನಾಗೇ ಆರಿಸಿಕೊಳ್ಳೋದು ಸುಮಾರು 0.33. ಆಗ ನಿಜ ಹೊರಬರುತ್ತೆ: 2 ನಿಮಿಷದ ಹತ್ತಿರ ಒಂದು ಗುಡ್ಡ, ನಾಲ್ಕು ದಾಟಿದ ಮೇಲೆ ಇನ್ನೊಂದು. ಸರಾಸರಿ ಸುಮಾರು 3.5 ನಿಮಿಷ, ಅದು ಬೀಳೋದು ಮಧ್ಯದ ಕಣಿವೆಯಲ್ಲಿ! ಅಷ್ಟು ಹೊತ್ತು ಬುಗ್ಗೆ ಚಿಮ್ಮೋದೇ ಅಪರೂಪ.

ನಮ್ಮ ವೃತ್ತಿಯಲ್ಲಿ ದಿನಾ ನೋಡೋದೂ ಇದನ್ನೇ ಅಲ್ವಾ? ಡ್ಯಾಶ್‌ಬೋರ್ಡಿನಲ್ಲಿ ಸರಾಸರಿ ರೆಸ್ಪಾನ್ಸ್ ಟೈಮ್ ಹಸಿರಾಗಿರುತ್ತೆ. ಕ್ಯಾಶ್‌ನಿಂದಲೇ ಉತ್ತರ ಸಿಕ್ಕವರು ಒಂದು ಗುಡ್ಡ, ಡೇಟಾಬೇಸ್ ತನಕ ಹೋಗಿ ಕಾದವರು ಇನ್ನೊಂದು ಗುಡ್ಡ. ಆ ಹಸಿರು ಸಂಖ್ಯೆ ಇಬ್ಬರಲ್ಲಿ ಯಾರ ಅನುಭವವೂ ಅಲ್ಲ. ಗ್ರಾಫ್ ಹಾಕಿದ್ರೂ ಅಷ್ಟೆ, ಅದರ ನಯ ಎಷ್ಟಿರಬೇಕು ಅಂತ ಯಾರೋ ಒಬ್ಬರು ಮೊದಲೇ ತೀರ್ಮಾನ ಮಾಡಿರ್ತಾರೆ, ಮೀಟಿಂಗಿನಲ್ಲಿ ಅದರ ಬಗ್ಗೆ ಯಾರೂ ಕೇಳಲ್ಲ.

ಹೆರ್ಡ್ಲೆ ಇಷ್ಟವಾಗೋದು ಇಲ್ಲಿ. 1990ರ ‘ಅಪ್ಲೈಡ್ ನಾನ್‌ಪ್ಯಾರಾಮೆಟ್ರಿಕ್ ರಿಗ್ರೆಶನ್’ನಲ್ಲಿ ಈ ಅಗಲವನ್ನು ಆರಿಸೋದಕ್ಕೇ ಒಂದು ಅಧ್ಯಾಯ ಇಟ್ಟಿದ್ದಾರೆ. ಒಂದೊಂದು ಅಂಕಿಯನ್ನೂ ಬಚ್ಚಿಟ್ಟು, ಉಳಿದವು ಅದನ್ನು ಎಷ್ಟು ಚೆನ್ನಾಗಿ ಊಹಿಸ್ತಾವೆ ಅಂತ ನೋಡೋ ಕ್ರಾಸ್ ವ್ಯಾಲಿಡೇಶನ್ ಎಲ್ಲ ಅಲ್ಲಿದೆ. 1991ರ ಪುಸ್ತಕದಲ್ಲಿ ಸೂತ್ರದ ಜೊತೆ ‘ಎಸ್’ ಭಾಷೆಯ ಪ್ರೋಗ್ರಾಮ್‌ಗಳನ್ನೂ ಕೊಟ್ಟರು. ಬೆಲ್ ಲ್ಯಾಬ್ಸ್‌ನಲ್ಲಿ ಹುಟ್ಟಿದ ಆ ಎಸ್‌ನ ಮಾದರಿಯಲ್ಲೇ ಆಮೇಲೆ ಆರ್ ಬಂತು. ಎಂಜಿನಿಯರಿಂಗ್‌ನಲ್ಲಿ ಎಂ-4 ಪೇಪರ್‌ಗೆ ಸೂತ್ರ ಬಾಯಿಪಾಠ ಮಾಡಿದ ನನ್ನಂಥವರಿಗೆ ಸಂಖ್ಯೆ ಬದಲಾಯಿಸಿ, ರನ್ ಮಾಡಿ, ಗುಡ್ಡ ಕರಗೋದನ್ನು ನೋಡೋ ಸುಖವೇ ಬೇರೆ. 1995ರಲ್ಲಿ ಇನ್ನಿಬ್ಬರ ಜೊತೆ ಸೇರಿ ‘ಎಕ್ಸ್‌ಪ್ಲೋರ್’ ಅನ್ನೋ ತಮ್ಮದೇ ಸಾಫ್ಟ್‌ವೇರಿನ ಬಗ್ಗೆಯೂ ಪುಸ್ತಕ ತಂದರು. ನನ್ನ ಪರಿಚಯದಲ್ಲಂತೂ ಅದನ್ನು ಬಳಸಿದವರು ಯಾರೂ ಇಲ್ಲ.

ಓದೋದಾದ್ರೆ 1991ರದ್ದನ್ನೇ ಮೊದಲು ಓದಿ. 1990ರದ್ದರಲ್ಲಿ ಪ್ರಮೇಯಗಳ ಕಾಟ ಜಾಸ್ತಿ, ನಾನು ಅರ್ಧ ಹಾರಿಸಿಕೊಂಡೇ ಓದಿದ್ದು.