ಕೂಗುವ ಗಂಟಲು

ಚೀಟಿ ಹಾಕುವ ಹೆಂಗಸರಿಗೆಲ್ಲ ಒಂದು ಮಾತು ಗೊತ್ತು: ಕೂಗುವಾಗ ಇದ್ದ ಗಂಟಲು ಕಂತು ಕಟ್ಟುವಾಗ ಇರುವುದಿಲ್ಲ. ಗಣಿ ಹರಾಜಿನ ಸುದ್ದಿ ಓದಿದಾಗಲೆಲ್ಲ ನನಗೆ ನೆನಪಾಗುವುದು ಇದೇ.

2015ರ ಕಾಯ್ದೆ ತಿದ್ದುಪಡಿಯಾದ ಮೇಲೆ ಕಬ್ಬಿಣದ ಅದಿರಿನ ಹೊಸ ಗುತ್ತಿಗೆ ಖಾಸಗಿಯವರಿಗೆ ಸಿಗುವುದು ಹರಾಜಿನಲ್ಲೇ. ಅದಿರಿನ ಬೆಲೆಯಲ್ಲಿ ಸರ್ಕಾರಕ್ಕೆ ನೂರಕ್ಕೆ ಎಷ್ಟು ಕೊಡುತ್ತೀರಿ ಎಂಬುದೇ ಕೂಗು. 2020ರಲ್ಲಿ ಒಡಿಶಾದ ಗಣಿಗಳಿಗೆ ಕೆಲವರು ನೂರಕ್ಕೆ ನೂರನ್ನೂ ದಾಟಿ ಕೂಗಿದರು! ಹತ್ತು ರೂಪಾಯಿಯ ಬದನೆಕಾಯಿ ಮಾರಿ ಹನ್ನೊಂದು ರೂಪಾಯಿ ಸುಂಕ ಕಟ್ಟುವವರುಂಟೆ? ಆಮೇಲೆ ಕೆಲವರು ನಿಗದಿಯಷ್ಟು ಅದಿರು ಸಾಗಿಸಲಿಲ್ಲ. ಸರ್ಕಾರ ದಂಡ ಹಾಕಿತು. ಜಗಳ ಹೈಕೋರ್ಟಿಗೆ ಹೋಯಿತು.

ಚೀಟಿಯಲ್ಲಾದರೆ ಜಾಮೀನು ನಿಂತವರು ಕಟ್ಟುತ್ತಾರೆ. ಗಣಿಗೂ ಠೇವಣಿಯುಂಟು. ಆದರೆ ಗುಡ್ಡಕ್ಕೆ, ಹಳ್ಳಕ್ಕೆ, ಕೆಂಧೂಳು ಕೂತ ಅಂಗಳಕ್ಕೆ ಜಾಮೀನು ಯಾರು?

ನಮ್ಮ ಬಳ್ಳಾರಿಯ ಗಣಿಗಳನ್ನು 2011ರಲ್ಲಿ ನಿಲ್ಲಿಸಿದ ಸುಪ್ರೀಂ ಕೋರ್ಟು, 2013ರ ತೀರ್ಪಿನಲ್ಲಿ ತೀರಾ ಮಿತಿಮೀರಿದವರ ಗುತ್ತಿಗೆ ರದ್ದು ಮಾಡಿತು. ಉಳಿದವರಿಗೆ, ನೆಲದ ಗಾಯ ಮಾಯಿಸುವ ಕೆಲಸಕ್ಕೆ ಕೈಹಾಕಿದ ಮೇಲೆಯೇ ಅಗೆಯಿರಿ ಎಂದಿತು. ದುಡ್ಡಿನ ಲೆಕ್ಕಕ್ಕೆ ಮೊದಲು ನೆಲದ ಲೆಕ್ಕ. ಇದು ಹೊಸ ನ್ಯಾಯವೇನಲ್ಲ. ನಮ್ಮಜ್ಜಿ ಎಂಥ ಬರದಲ್ಲೂ ಬಿತ್ತನೆಯ ಕಾಳು ತೆಗೆದಿಟ್ಟ ಮೇಲೆಯೇ ಅಡಿಗೆಗೆ ಅಳೆಯುತ್ತಿದ್ದಳು.