ಈಟಿ ಹಿಡಿದು ನಿಂತವರು

ನಾನು ಪ್ರೌಢಶಾಲೆಯಲ್ಲಿ ಓದುತ್ತಿದ್ದಾಗ ವಾರ್ಷಿಕೋತ್ಸವಕ್ಕೆ ಒಂದು ಐತಿಹಾಸಿಕ ನಾಟಕವನ್ನು ಆಡಿದೆವು. ರಾಜನ ಪಾತ್ರ ನನಗೆ ದೊರೆಯುವುದೆಂದು ಬಹಳವಾಗಿ ಆಸೆಪಟ್ಟಿದ್ದೆ. ದೊರೆತದ್ದು ಸಿಂಹಾಸನದ ಹಿಂದೆ ಈಟಿ ಹಿಡಿದು ನಿಲ್ಲುವ ಕಾವಲುಗಾರನ ಪಾತ್ರ. ಮಾತಿಲ್ಲ, ನಡೆಯಿಲ್ಲ, ತೆರೆ ಏಳುವಾಗ ನಿಂತವನು ತೆರೆ ಬೀಳುವವರೆಗೂ ನಿಂತಿರಬೇಕು. ಬಿದಿರಿನ ಗಳುವಿಗೆ ರಟ್ಟಿನ ಅಲಗು ಕಟ್ಟಿ, ಬೆಳ್ಳಿಯ ಬಣ್ಣದ ಕಾಗದವನ್ನು ಅಂಟಿಸಿ ನನ್ನ ಕೈಗೆ ಕೊಟ್ಟಿದ್ದರು. ಮೂರನೆಯ ದೃಶ್ಯದ ಹೊತ್ತಿಗೆ ನನಗೆ ಬೇಸರ ತಡೆಯಲಾಗಲಿಲ್ಲ. ನನ್ನನ್ನು ಯಾರು ನೋಡುತ್ತಾರೆ ಎಂದುಕೊಂಡು ಈಟಿಯನ್ನು ಪರದೆಗೆ ಒರಗಿಸಿ ನೀರು ಕುಡಿಯಲು ಹೋದೆ. ಈಟಿ ಜಾರಿ ನೇರವಾಗಿ ರಾಜನ ಕಿರೀಟದ ಮೇಲೆಯೇ ಬಿದ್ದಿತು. ಸಭೆ ಗೊಳ್ಳೆಂದು ನಕ್ಕಿತು. ಮಗನ ಮರಣವಾರ್ತೆಯನ್ನು ಕೇಳಿ ದುಃಖಿಸುತ್ತಿದ್ದ ರಾಜ, ಎಂದರೆ ನನ್ನ ಆಪ್ತ ಗೆಳೆಯ, ನಿಜವಾಗಿಯೇ ಅತ್ತುಬಿಟ್ಟ. ನಮ್ಮ ಕನ್ನಡ ಪಂಡಿತರು ನನ್ನನ್ನು ಬೈಯಲಿಲ್ಲ. “ನಿಲ್ಲುವುದೂ ಒಂದು ಕೆಲಸವಪ್ಪಾ” ಎಂದಷ್ಟೇ ಹೇಳಿದರು. ಆ ಮಾತಿನ ಅರ್ಥ ಆಗ ನನಗೆ ಆಗಲಿಲ್ಲ.

ಅರ್ಥವಾದದ್ದು ಬಹಳ ವರ್ಷಗಳ ಅನಂತರ, ಒಂದು ಹಳೆಯ ಮರದ ಪೆಟ್ಟಿಗೆಯ ಚಿತ್ರವನ್ನು ಪುಸ್ತಕವೊಂದರಲ್ಲಿ ನೋಡಿದಾಗ. ಆ ಪೆಟ್ಟಿಗೆ ಇಂಗ್ಲೆಂಡಿನ ಆಕ್ಸ್‌ಫರ್ಡಿನಲ್ಲಿರುವ ನ್ಯೂ ಕಾಲೇಜಿಗೆ ಸೇರಿದ್ದು. 20ನೆಯ ಶತಮಾನದ ಆರಂಭದಲ್ಲಿ ಸಮೀಪದ ಹಳ್ಳಿಯ ಒಂದು ಒಕ್ಕಲುಮನೆಯಲ್ಲಿ ಅದು ವಿದ್ವಾಂಸರ ಕಣ್ಣಿಗೆ ಬಿದ್ದಿತು. ಅದರ ಮುಂಭಾಗದಲ್ಲಿ 1302ರಲ್ಲಿ ಫ್ಲಾಂಡರ್ಸ್ ನಾಡಿನಲ್ಲಿ ನಡೆದ ಕದನದ ದೃಶ್ಯಗಳನ್ನು ಕೆತ್ತಿದ್ದಾರೆ. ನನ್ನ ಕಣ್ಣನ್ನು ಹಿಡಿದು ನಿಲ್ಲಿಸಿದವರು ಅಲ್ಲಿ ಭುಜಕ್ಕೆ ಭುಜ ತಾಗಿಸಿ, ಈಟಿ ಹಿಡಿದು ಸಾಲಾಗಿ ನಿಂತಿದ್ದ ಸಾಮಾನ್ಯರು.

ಫ್ಲಾಂಡರ್ಸಿನ ಬಹುಭಾಗ ಇಂದಿನ ಬೆಲ್ಜಿಯಂ ದೇಶದಲ್ಲಿದೆ. ಅದು ಉಣ್ಣೆಯ ಬಟ್ಟೆಗೆ ಹೆಸರಾಗಿದ್ದ ನಾಡು. ಫ್ರಾನ್ಸಿನ ದೊರೆ ನಾಲ್ಕನೆಯ ಫಿಲಿಪ್ 1300ರಲ್ಲಿ ಅದನ್ನು ತನ್ನ ವಶಕ್ಕೆ ತೆಗೆದುಕೊಂಡನು. 1302ರ ಮೇ ತಿಂಗಳಲ್ಲಿ ಬ್ರೂಜ್ ನಗರದ ಜನ ದಂಗೆಯೆದ್ದರು. ಅವರನ್ನು ಅಡಗಿಸಲು ಆರ್ತ್ವಾದ ರಾಬರ್ಟನ ನೇತೃತ್ವದಲ್ಲಿ ಫ್ರೆಂಚ್ ಸೇನೆ ಬಂದಿತು. ಜುಲೈ 11ರಂದು ಕೋರ್ಟ್ರೈಕ್ ಪಟ್ಟಣದ ಹೊರಗೆ ಎರಡು ಪಡೆಗಳೂ ಎದುರಾದವು. ಒಂದು ಕಡೆ ಕುದುರೆಗಳನ್ನೇರಿ, ಉಕ್ಕಿನ ಕವಚ ತೊಟ್ಟ ಸುಮಾರು 2,500 ಮಂದಿ ಕುಲೀನ ಸವಾರರು. ಇನ್ನೊಂದು ಕಡೆ ಬಹುಮಟ್ಟಿಗೆ ನೇಕಾರರು, ಕಟುಕರು, ಬಡಗಿಗಳು, ರೈತರು.

ಇವರ ಕೈಯಲ್ಲಿದ್ದ ಆಯುಧಗಳು ಎರಡು ಬಗೆಯವು. ಒಂದು, ಆಳಿಗಿಂತ ಬಹಳ ಉದ್ದವಾದ ಈಟಿ. ಇನ್ನೊಂದು ವಿಚಿತ್ರವಾದದ್ದು, ಸುಮಾರು ಒಂದೂವರೆ ಮೀಟರ್ ಉದ್ದದ ದಪ್ಪನೆಯ ದೊಣ್ಣೆ. ತುದಿಯ ಕಡೆಗೆ ಅದು ಇನ್ನೂ ದಪ್ಪವಾಗುತ್ತದೆ. ತುದಿಗೆ ಕಬ್ಬಿಣದ ಬಳೆ; ಅದರ ನಡುವಿನಿಂದ ಹೊರಟ ಒಂದು ಮೊನೆ. ಎತ್ತಿ ಹೊಡೆದರೆ ಗದೆ, ಮುಂದಕ್ಕೆ ಚಾಚಿದರೆ ಈಟಿ. ಊರಿನ ಬಡಗಿಯೂ ಕಮ್ಮಾರನೂ ಸೇರಿ ಮಾಡಿಕೊಡಬಹುದಾದ ಅಗ್ಗದ ಸಾಧನ. ಅದರ ಹೆಸರು ಗೂಡೆನ್‌ಡಾಗ್. ಆ ಪದಕ್ಕೆ ‘ಒಳ್ಳೆಯ ದಿನ’ ಎಂದರ್ಥ. ಎದುರಿಗೆ ಬಂದವರಿಗೆ ಹೇಳುವ ಕುಶಲದ ಮಾತು! ಕೊಲ್ಲುವ ಆಯುಧಕ್ಕೆ ಇಂಥ ಹೆಸರು ಹೇಗೆ ಬಂದಿತೆಂಬ ವಿಷಯದಲ್ಲಿ ವಿದ್ವಾಂಸರಲ್ಲಿ ಒಮ್ಮತವಿಲ್ಲ. ಫ್ಲಾಂಡರ್ಸಿನವರು ಅದನ್ನು ಬರಿಯ ‘ಮೊನೆಗೋಲು’ ಎಂದು ಕರೆದದ್ದೂ ಉಂಟು.

ಈ ಎರಡು ಆಯುಧಗಳಲ್ಲಿ ಯಾವುದೂ ಒಂಟಿಯಾಗಿ ಸಾಕಾಗುವಂಥದಲ್ಲ. ಉದ್ದದ ಈಟಿಯ ಬುಡವನ್ನು ನೆಲಕ್ಕೆ ಊರಿ, ಮೊನೆಯನ್ನು ಕುದುರೆಯ ಎದೆಯ ಮಟ್ಟಕ್ಕೆ ಒಡ್ಡಿದವನು ಕುದುರೆಯನ್ನು ತಡೆಯಬಲ್ಲ. ಆದರೆ ಅವನ ಕೈಗಳೆರಡೂ ಅದಕ್ಕೇ ಬೇಕು. ಪಕ್ಕದಲ್ಲಿ ಗೂಡೆನ್‌ಡಾಗ್ ಹಿಡಿದವನು, ಕುದುರೆ ತಡೆದು ನಿಂತಾಗ ಸವಾರನನ್ನು ಎದುರಿಸಬೇಕು. ಒಬ್ಬನ ಪ್ರಾಣ ಇನ್ನೊಬ್ಬನ ಕೈಯಲ್ಲಿ. ಸಾಲಿನಲ್ಲಿ ಒಬ್ಬ ಹಿಂದೆ ಸರಿದರೆ ಅಲ್ಲೊಂದು ಬಾಗಿಲು ತೆರೆದಂತೆ. ಆ ಬಾಗಿಲಿನಿಂದ ನುಗ್ಗುವ ಕುದುರೆಗಳು ಉಳಿದವರನ್ನೆಲ್ಲ ತುಳಿಯುತ್ತವೆ. ಅಂದು ಅವರ ನಾಯಕರೂ ಕುದುರೆಗಳಿಂದಿಳಿದು ಕಾಲಾಳುಗಳ ನಡುವೆ ನಿಂತರು. ಓಡಿಹೋಗುವ ಉಪಾಯ ತಮಗೂ ಇಲ್ಲವೆಂದು ಜನರಿಗೆ ತೋರಿಸಲು ಅದಕ್ಕಿಂತ ಉತ್ತಮವಾದ ಭಾಷಣ ಬೇಕಿರಲಿಲ್ಲ. ಮುಂದೆ ತೊರೆಗಳು, ಜವುಗುನೆಲ. ಅವನ್ನು ದಾಟಿ ಕುದುರೆಗಳು ಬಂದವು. ನಡುವೆ ಒಂದೆಡೆ ಸಾಲು ಬಿರುಕುಬಿಟ್ಟಿತಾದರೂ ಹಿಂದೆ ಕಾದಿದ್ದ ಪಡೆ ಬಂದು ಆ ಬಿರುಕನ್ನು ಮುಚ್ಚಿತು. ಸಾಲು ನಿಂತಿತು. ರಾಬರ್ಟನೂ ಅವನೊಡನೆ ಸಾವಿರದಷ್ಟು ಸವಾರರೂ ಮಡಿದರು. ಅವರ ಹಿಮ್ಮಡಿಗಳಿಂದ ಬಿಚ್ಚಿದ ಚಿನ್ನದ ಬಣ್ಣದ ಮುಳ್ಳುಗಳನ್ನು ಪಟ್ಟಣದ ಚರ್ಚಿನಲ್ಲಿ ತೂಗುಹಾಕಿದರು. ‘ಚಿನ್ನದ ಮುಳ್ಳುಗಳ ಕದನ’ ಎಂದೇ ಅದು ಪ್ರಸಿದ್ಧವಾಯಿತು.

ಈ ಕಥೆಯನ್ನು ಇಲ್ಲಿಗೆ ನಿಲ್ಲಿಸಿದರೆ ಕೇಳಲು ಇಂಪಾಗಿರುತ್ತದೆ. ಆದರೆ ಅದು ಪೂರ್ಣ ಸತ್ಯವಾಗುವುದಿಲ್ಲ. ಅಂದಿನ ಯುದ್ಧಗಳಲ್ಲಿ ಕುಲೀನರನ್ನು ಸೆರೆಹಿಡಿದು, ಹಣ ಪಡೆದು ಬಿಡುವುದು ವಾಡಿಕೆಯಾಗಿತ್ತು. ಕೋರ್ಟ್ರೈಕಿನಲ್ಲಿ ಶರಣಾದವರಿಗೂ ಕ್ಷಮೆ ದೊರೆಯಲಿಲ್ಲ. ಸೆರೆಹಿಡಿಯಲು, ಕೊಳ್ಳೆಹೊಡೆಯಲು ಹೋದರೆ ಸಾಲು ಒಡೆಯುವುದೆಂಬ ಭಯವೇ ಅದಕ್ಕೆ ಒಂದು ಕಾರಣ. 1382ರಲ್ಲಿ ಫ್ರೆಂಚರು ಮತ್ತೊಂದು ಯುದ್ಧವನ್ನು ಗೆದ್ದು, ಆ ಮುಳ್ಳುಗಳನ್ನು ಕೊಂಡೊಯ್ದು, ಕೋರ್ಟ್ರೈಕಿಗೆ ಬೆಂಕಿಯಿಟ್ಟರು. ಈಟಿಯಿಂದ ಗೆದ್ದದ್ದನ್ನು ಈಟಿಯೇ ಕಸಿದುಕೊಂಡಿತು.

ಹೀಗಿರುವಾಗ ಆ ಪೆಟ್ಟಿಗೆಯ ಮೇಲಿನ ಸಾಲಿನಲ್ಲಿ ನಾನು ಮೆಚ್ಚುವುದಾದರೂ ಏನನ್ನು? ಅವರ ಕೈಯ ಮೊನೆಗಳನ್ನಲ್ಲ. ಮಗ್ಗವನ್ನು ಬಿಟ್ಟು ಬಂದ ಆ ನೇಕಾರನಿಗೆ ನೆಲ ನಡುಗುವಾಗ ಭಯವಾಗಿರಲಿಲ್ಲವೆಂದು ನಾನು ನಂಬಲಾರೆ. ಪಕ್ಕದವನು ತನ್ನನ್ನು ನಂಬಿದ್ದಾನೆಂಬ ಅರಿವು ಅವನ ಕಾಲುಗಳನ್ನು ಅಲ್ಲಿ ಹಿಡಿದು ನಿಲ್ಲಿಸಿತು. ಆ ಅರಿವಿಗೆ ಯುದ್ಧಭೂಮಿಯೇ ಬೇಕೆಂದಿಲ್ಲ. ಜೊತೆಗೂಡಿ ಮಾಡುವ ಯಾವ ಕೆಲಸದಲ್ಲಿಯೂ ಅದು ಬೇಕಾಗುತ್ತದೆ.

ನನ್ನ ಈಟಿ ರಟ್ಟಿನದು. ಅದನ್ನು ಬಿಟ್ಟುಹೋದುದರಿಂದ ಯಾರ ಪ್ರಾಣವೂ ಹೋಗಲಿಲ್ಲ. ಆದರೂ ಸಿಂಹಾಸನದ ಮೇಲೆ ಕುಳಿತು ಅತ್ತ ಗೆಳೆಯನ ಮುಖ ಇಂದಿಗೂ ನನ್ನ ಕಣ್ಣೆದುರಿಗೆ ಬರುತ್ತದೆ. ತನ್ನ ಹಿಂದೆ ನಾನು ನಿಂತಿದ್ದೇನೆಂದು ಅವನು ನಂಬಿದ್ದ.