ಯಾವ ಬಸಪ್ಪನ್ರೀ?

ಚಡಚಣದ ಹತ್ತಿರದ ಹಲಸಂಗಿಯಲ್ಲಿ ಬಸ್ಸಿಳಿದು ‘ಬಸಪ್ಪನವರ ಮನಿ ಎಲ್ಲೈತ್ರಿ?’ ಎಂದು ಕೇಳಿದವನು ಪರವೂರಿನವನೇ ಆಗಿರಬೇಕು. ಕಟ್ಟೆಯ ಮೇಲೆ ಕೂತವರು ದಾರಿ ತೋರಿಸುವುದಿಲ್ಲ, ತಿರುಗಿ ಪ್ರಶ್ನೆ ಹಾಕುತ್ತಾರೆ. ‘ಯಾವ ಬಸಪ್ಪನ್ರೀ? ಗಿರಣಿ ಬಸಪ್ಪನೋ, ಮ್ಯಾಗಿನ ಓಣಿ ಬಸಪ್ಪನೋ, ಮಾಸ್ತರ ಬಸಪ್ಪನೋ?’ ಹಲಸಂಗಿ ಒಂದೇ ಅಲ್ಲ. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ, ವಿಜಯಪುರ ಜಿಲ್ಲೆಯ ಯಾವ ದಿಕ್ಕಿಗೆ ಹೋದರೂ ಇದೇ ಪಾಡು. ಹೆಸರು ಗೊತ್ತಿದ್ದರೆ ಸಾಲದು, ಅಡ್ಡಹೆಸರೂ ಗೊತ್ತಿರಬೇಕು.

ಇದನ್ನು ಬರೆಯುತ್ತಿರುವವನೂ ಒಬ್ಬ ಬಸವರಾಜ. ಶಾಲೆಯಲ್ಲಿ ಮಾಸ್ತರರು ಹಾಜರಿ ಕೂಗುವಾಗ ‘ಬಸವರಾಜ’ ಎಂದರೆ ಮುಂದಿನ ಸಾಲಿನಿಂದಲೂ ಹಿಂದಿನ ಸಾಲಿನಿಂದಲೂ ‘ಹಾಜರ್ ರೀ ಸರ್’ ಎಂಬ ದನಿ ಒಟ್ಟಿಗೇ ಏಳುತ್ತಿತ್ತು. ಬೇಸತ್ತ ಮಾಸ್ತರರು ದೊಡ್ಡ ಬಸ್ಯಾ, ಸಣ್ಣ ಬಸ್ಯಾ, ಕರೇ ಬಸ್ಯಾ ಎಂದು ವಿಂಗಡಿಸಿಬಿಟ್ಟರು. ಈತ ಸಣ್ಣ ಬಸ್ಯಾ. ಮುಂದೆ ಆರಡಿ ಬೆಳೆದರೂ ಊರಿನವರಿಗೆ ಸಣ್ಣ ಬಸ್ಯಾನೇ.

ಮನೆಯಲ್ಲಾದರೂ ಪೂರ್ತಿ ಹೆಸರು ಸಿಕ್ಕಿತೇ ಎಂದರೆ ಅದೂ ಇಲ್ಲ. ಆ ಸೀಮೆಯಲ್ಲಿ ಕೂಸನ್ನು ತೊಟ್ಟಿಲಿಗೆ ಹಾಕುವ ದಿನ ಸೋದರತ್ತೆ ಕಿವಿಯಲ್ಲಿ ಹೆಸರು ಹೇಳುತ್ತಾಳೆ. ಗಂಡುಕೂಸಾದರೆ ಅದು ಹೆಚ್ಚಾಗಿ ಮುತ್ಯಾನ ಹೆಸರು. ಈತನ ಮುತ್ಯಾ ಬಸಪ್ಪ; ಮೊಮ್ಮಗ ಶಾಲೆಯ ದಾಖಲೆಯಲ್ಲಿ ಬಸವರಾಜ ಆದ. ಆದರೆ ಸೊಸೆಯಾದವಳು ಮಾವನ ಹೆಸರನ್ನು ಬಾಯಿಬಿಟ್ಟು ಹೇಳುವಂತಿಲ್ಲ. ಹೀಗಾಗಿ ಅವ್ವ ತಾನು ಹೆತ್ತ ಮಗನನ್ನು ಒಮ್ಮೆಯೂ ಹೆಸರು ಹಿಡಿದು ಕರೆಯಲಿಲ್ಲ. ಪ್ರೀತಿ ಬಂದಾಗ ‘ಯಪ್ಪಾ’, ಸಿಟ್ಟು ಬಂದಾಗ ‘ಮುತ್ಯಾ, ಗಿಡದಿಂದ ಇಳೀತೀಯೋ ಇಲ್ಲೋ?’ ಬೈಗುಳದಲ್ಲೂ ಮರ್ಯಾದೆ ಉಳಿಯುತ್ತಿತ್ತು.

ಮುತ್ಯಾನ ಹೆಂಡತಿ ಆಯಿಯ ಕಷ್ಟ ಇನ್ನೂ ದೊಡ್ಡದು. ಮದುವೆಯಲ್ಲಿ ಹೆಣ್ಣುಮಕ್ಕಳೆಲ್ಲ ಬಾಗಿಲು ಹಿಡಿದು ಕಾಡಿದಾಗ ಒಡಪು ಹಾಕಿ ಗಂಡನ ಹೆಸರು ಹೇಳಿದ್ದಷ್ಟೇ, ಮುಂದೆ ಆ ಹೆಸರಿನ ಸುದ್ದಿಗೆ ಹೋಗಲಿಲ್ಲ. ಬಸವ ಜಯಂತಿ ಅವಳಿಗೆ ‘ನಮ್ಮ ಜಯಂತಿ’, ಬಸವನ ಬಾಗೇವಾಡಿ ಬರೀ ‘ಬಾಗೇವಾಡಿ’, ಗುಡಿಗೆ ಬಿಟ್ಟ ಬಸವ ‘ದೇವರ ಎತ್ತು’, ಮಳೆಗಾಲದಲ್ಲಿ ಗೋಡೆ ಹತ್ತುವ ಬಸವನಹುಳು ‘ಆ ಹುಳ’. ಬಸ್ಸಿಗೆ ಕೂಡ ‘ಮೋಟರ್’ ಎನ್ನುತ್ತಿದ್ದಳು. ಅದು ಹೆಸರಿನ ಅಂಜಿಕೆಗೋ ಹಳೆಯ ರೂಢಿಗೋ ಎಂದು ಯಾರೂ ಕೇಳಲಿಲ್ಲ.

ಇಷ್ಟೊಂದು ಕಾಪಾಡಿಕೊಂಡ ಹೆಸರಿನ ಅರ್ಥವಾದರೂ ಏನು? ಎತ್ತು. ಸಂಸ್ಕೃತದ ವೃಷಭ ಪ್ರಾಕೃತದಲ್ಲಿ ‘ವಸಹ’ ಆಗಿ ಕನ್ನಡದಲ್ಲಿ ‘ಬಸವ’ ಆಯಿತು. ತತ್ಸಮ-ತದ್ಭವದ ಪಟ್ಟಿ ಉರುಹೊಡೆದ ಎಲ್ಲರಿಗೂ ಇದು ಗೊತ್ತು. ಪೇಟೆಯಲ್ಲಿ ಯಾರನ್ನಾದರೂ ಎತ್ತು ಎಂದರೆ ಜಗಳಕ್ಕೆ ಬರುತ್ತಾರೆ. ಡೋಣಿ ಸಾಲಿನ ಎರೆಹೊಲದಲ್ಲಿ ಬಿಳಿಜೋಳ ಬೆಳೆಯುವವರಿಗೆ ಮಾತ್ರ ಇದು ಬೈಗುಳವಲ್ಲ. ಅಲ್ಲಿ ಕಾರ ಹುಣ್ಣಿಮೆಗೆ ಎತ್ತುಗಳ ಕೋಡಿಗೆ ಬಣ್ಣ ಬಳಿದು ಮೆರೆಸುತ್ತಾರೆ. ಮುಂದಿನ ಅಮಾವಾಸ್ಯೆಗೆ ಕರೇಮಣ್ಣಿನಿಂದ ಜೋಡಿ ಎತ್ತು ಮಾಡಿ ಜಗಲಿಯ ಮೇಲಿಟ್ಟು ಪೂಜಿಸುತ್ತಾರೆ.

ಹನ್ನೆರಡನೆಯ ಶತಮಾನದಲ್ಲಿ ಇದೇ ಸೀಮೆಯ ಬಾಗೇವಾಡಿಯ ಮಾದರಸ-ಮಾದಲಾಂಬಿಕೆಯರು ಮಗನಿಗೆ ಈ ಹೆಸರಿಟ್ಟರು. ಮಾದಲಾಂಬಿಕೆ ನಂದಿಗೆ ನಡೆದುಕೊಂಡು ಪಡೆದ ಮಗ, ಅದಕ್ಕೇ ಬಸವ ಎಂದು ಪುರಾಣಗಳು ಹೇಳುತ್ತವೆ. ಇಂದಿಗೂ ಬಾಗೇವಾಡಿಯ ಗುಡಿಗೆ ಹರಕೆ ಹೊತ್ತು ಹುಟ್ಟಿದ ಮಗುವಿಗೆ ಅದೇ ಹೆಸರಿಡುವವರಿದ್ದಾರೆ. ಬಸಪ್ಪ ಹಳೆಯದು, ಬಸವರಾಜ ಈಚಿನ ಫ್ಯಾಶನ್ನು ಎನ್ನುವ ಮಾತೊಂದಿದೆ. ಅದು ನಿಜವಲ್ಲ. ಬೆಳಗಾವಿ ಜಿಲ್ಲೆಯ ಅರ್ಜುನವಾಡದಲ್ಲಿ ಸಿಕ್ಕ 1260ರ ಶಾಸನ ತರ್ದವಾಡಿ ನಾಡಿನ ಬಾಗವಾಡಿಯನ್ನೂ ಅಲ್ಲಿಯ ಮಾದಿರಾಜನನ್ನೂ ಹೆಸರಿಸಿ, ಆತನ ಮಗನನ್ನು ಬಸವರಾಜ ಎಂದೇ ಕರೆಯುತ್ತದೆ. ಹರಿಹರ ಬರೆದದ್ದೂ ‘ಬಸವರಾಜದೇವರ ರಗಳೆ’. ಶಾಸನದಲ್ಲಿ ‘ಸಂಗನ ಬಸವ’ ಎಂಬ ರೂಪವೂ ಇದೆ. ಮುದ್ದೇಬಿಹಾಳದ ಕಡೆ ಸಂಗನಬಸಪ್ಪ ಎಂಬ ಹೆಸರು ಕೇಳಿದಾಗ ಈ ಕಲ್ಲು ನೆನಪಾಗದೆ ಇರದು.

ಒಂದು ತಮಾಷೆಯೆಂದರೆ, ಹೆಸರಿಗೆ ಇಷ್ಟು ಕೀರ್ತಿ ತಂದ ಬಸವಣ್ಣನವರೇ ತಮ್ಮ ವಚನಗಳ ಕೊನೆಗೆ ಅದನ್ನು ಹಾಕಲಿಲ್ಲ. ಅಂಕಿತ ಕೂಡಲಸಂಗಮದೇವನದು. ಹೆಸರನ್ನು ಹಾಡಿ ಹರಡಿದವರು ಉಳಿದವರು. ಅಕ್ಕನ ಮಗ ಚನ್ನಬಸವಣ್ಣನ ಹೆಸರಲ್ಲೇ ಸೋದರಮಾವ ಸೇರಿಕೊಂಡಿದ್ದಾನೆ. ಪಾಲ್ಕುರಿಕೆ ಸೋಮನಾಥ ತೆಲುಗಿನಲ್ಲಿ ‘ಬಸವಪುರಾಣ’ ಬರೆದ, ಭೀಮಕವಿ 1369ರಲ್ಲಿ ಅದನ್ನು ಕನ್ನಡಕ್ಕೆ ತಂದ. ತೆಲುಗರಲ್ಲೂ ಹೆಸರು ಬೇರು ಬಿಟ್ಟಿತು. ಮಾರ್ಕ್ಸ್‌ವಾದಿ ಕಮ್ಯುನಿಸ್ಟ್ ಪಕ್ಷದ 1964ರ ಮೊದಲ ಪಾಲಿಟ್‌ಬ್ಯೂರೋದ ಒಂಬತ್ತು ಜನರಲ್ಲಿ ಆಂಧ್ರದ ಮಾಕಿನೇನಿ ಬಸವಪುನ್ನಯ್ಯ ಒಬ್ಬರು.

ಈ ಹೆಸರು ಒಂಟಿಯಾಗಿ ನಿಲ್ಲುವುದು ಕಡಿಮೆ. ಬಾಲ ನೋಡಿಯೇ ಊರವರು ಮನೆತನ ಹೇಳುತ್ತಾರೆ. ಬಸಯ್ಯ ಎಂದರೆ ಜಂಗಮರ ಮನೆ, ಬಸನಗೌಡ ಎಂದರೆ ಗೌಡಕಿ, ಬಸಗೊಂಡ ಎಂದರೆ ಜತ್ತದ ಕಡೆಯ ಗಡಿ. ಬಸವಂತ, ಬಸವಣ್ಣೆಪ್ಪ, ಬಸಲಿಂಗಪ್ಪ, ಗುರುಬಸಪ್ಪ, ಶಿವಬಸಪ್ಪ, ಹೆಣ್ಣಾದರೆ ಬಸವ್ವ. ಜಾತಿ ಅಳಿಸಲು ಹೊರಟವರ ಹೆಸರಿಗೆ ಜಾತಿಯ ಬಾಲ ಅಂಟಿಸಿಕೊಂಡ ನಮ್ಮ ಜಾಣತನಕ್ಕೆ ಏನೆನ್ನಬೇಕು! ಗುಡಿಗೆ ಗೂಳಿ ಬಿಟ್ಟ ಹಾಗೆ ಹೆಣ್ಣುಮಕ್ಕಳನ್ನು ಬಿಟ್ಟು ‘ಬಸವಿ’ ಎಂದು ಕರೆದದ್ದು ಇನ್ನೂ ಕೆಟ್ಟದ್ದು. ಅದನ್ನು ತಡೆಯಲು 1982ರಲ್ಲಿ ಕರ್ನಾಟಕ ದೇವದಾಸಿ ನಿಷೇಧ ಕಾನೂನೇ ಬರಬೇಕಾಯಿತು.

ಹೆಸರು ಹೊತ್ತ ದೊಡ್ಡವರಿಗೇನೂ ಬರವಿಲ್ಲ. ಹಾಡಿಗೆ ಬಸವರಾಜ ರಾಜಗುರು, ಕಾದಂಬರಿಗೆ ಬಸವರಾಜ ಕಟ್ಟೀಮನಿ, 2021ರಲ್ಲಿ ಮುಖ್ಯಮಂತ್ರಿಯ ಕುರ್ಚಿಗೆ ಬಸವರಾಜ ಬೊಮ್ಮಾಯಿ. ಕನ್ನಡ ಸಾಹಿತ್ಯದಲ್ಲಿ ಬೂಸಾ ಇದೆ ಎಂದು 1973ರಲ್ಲಿ ಮೈಸೂರಿನಲ್ಲಿ ಹೇಳಿ ಮಂತ್ರಿಪದವಿ ಕಳೆದುಕೊಂಡವರು ಬಿ. ಬಸವಲಿಂಗಪ್ಪ. ಬೂಸಾದ ಪರೀಕ್ಷೆ ಮಾಡಲು ಬಸವನಿಗಿಂತ ಅರ್ಹರು ಯಾರು ಎಂದು ಆಗ ಯಾರಿಗೂ ಹೊಳೆಯದಿದ್ದದ್ದು ಆಶ್ಚರ್ಯ.

ಇನ್ನು ಹಲಸಂಗಿ. ಊರು ತುಂಬ ಬಸಪ್ಪಂದಿರಿದ್ದರೂ ಊರಿನ ಹೆಸರನ್ನು ನಾಡಿಗೆ ಮುಟ್ಟಿಸಿದ ಹಲಸಂಗಿ ಗೆಳೆಯರಲ್ಲಿ ಒಬ್ಬ ಬಸಪ್ಪನೂ ಇಲ್ಲ! ಬೀಸುಕಲ್ಲಿನ ಮುಂದೆ ಕೂತ ಹೆಣ್ಣುಮಕ್ಕಳ ಬಾಯಿಂದ ಕೇಳಿ ಬರೆದುಕೊಂಡು 1931ರಲ್ಲಿ ‘ಗರತಿಯ ಹಾಡು’ ತಂದವರು ಚೆನ್ನಮಲ್ಲಪ್ಪ ಗಲಗಲಿ, ಸಿಂಪಿ ಲಿಂಗಣ್ಣ, ಕಾಪಸೆ ರೇವಪ್ಪ, ಪಿ. ಧೂಲಾಸಾಹೇಬ. ಹೆಸರು ಬದಲಾಗುವ ಸುಖ ಇಲ್ಲಿಯೂ ಇದೆ: ಚೆನ್ನಮಲ್ಲಪ್ಪನವರನ್ನು ಕನ್ನಡ ಬಲ್ಲದ್ದು ಮಧುರಚೆನ್ನ ಎಂದು. ಲಿಂಗಣ್ಣನ ಪಕ್ಕ ಧೂಲಾಸಾಹೇಬರು ಕೂತದ್ದು ಆ ಸೀಮೆಗೆ ವಿಶೇಷವೇನಲ್ಲ. ವಿಜಯಪುರದಲ್ಲಿ ವಚನಗಳ ತಾಡೋಲೆ ಹುಡುಕುತ್ತ ಬದುಕು ಸವೆಸಿದ ಹಳಕಟ್ಟಿಯವರ ಪೂರ್ಣ ಹೆಸರು ಫಕೀರಪ್ಪ ಗುರುಬಸಪ್ಪ ಹಳಕಟ್ಟಿ; ಫಕೀರನೂ ಬಸವನೂ ಒಂದೇ ಸಾಲಿನಲ್ಲಿ.

ಸಣ್ಣ ಬಸ್ಯಾ ನೌಕರಿಗೆಂದು ಬೆಂಗಳೂರಿಗೆ ಬಂದಾಗ ಹೆಸರಿನ ಮೇಲೆ ಕತ್ತರಿ ಆಡಿತು. ಕಚೇರಿಯಲ್ಲಿ ಕೆಲವರಿಗೆ ಅವನು ರಾಜ್, ಕೆಲವರಿಗೆ ಬಸು. ಬಸು ಎಂದು ಕೇಳಿದ ಕೋಲ್ಕತ್ತದ ಸಹೋದ್ಯೋಗಿಯೊಬ್ಬರು ಖುಷಿಯಿಂದ ಬಂಗಾಳಿಯಲ್ಲಿ ಮಾತಿಗೆ ನಿಂತರು. ಅವರ ಬಸು ಜ್ಯೋತಿ ಬಸು ಅವರದು, ಸಂಸ್ಕೃತದ ‘ವಸು’ವಿನಿಂದ ಬಂದ ಮನೆತನದ ಹೆಸರು, ಇಂಡಿಯ ಎತ್ತಿಗೂ ಅದಕ್ಕೂ ಸಂಬಂಧವಿಲ್ಲ. ಬಸವಪುನ್ನಯ್ಯನವರೂ ಜ್ಯೋತಿ ಬಸು ಅವರೂ ಆ ಒಂಬತ್ತರಲ್ಲಿ ಜೊತೆಗೇ ಇದ್ದರು ಎಂದು ಹೇಳಿ ಈತ ಅವರನ್ನು ಸಮಾಧಾನಪಡಿಸಬೇಕಾಯಿತು. ಇನ್ನು ಅರ್ಜಿಗಳ ಫಾರ್ಮು. ಊರಿನ ಹೆಸರು, ಅಪ್ಪನ ಹೆಸರು, ಮನೆತನ ಎಲ್ಲ ತುಂಬಿ ಮುಗಿಯುವಷ್ಟರಲ್ಲಿ ಬಸವರಾಜನಿಗೆ ಉಳಿಯುವುದು ‘ಬಿ’ ಎಂಬ ಒಂದಕ್ಷರದ ಜಾಗ.

ದೊಡ್ಡವರಿಗೂ ಇದು ತಪ್ಪಿಲ್ಲ. ಜಮಖಂಡಿ ತಾಲ್ಲೂಕಿನ ಸಾವಳಗಿಯಲ್ಲಿ ಹುಟ್ಟಿ ಮೈಸೂರು ರಾಜ್ಯದ ಮುಖ್ಯಮಂತ್ರಿ, ದೇಶದ ಉಪರಾಷ್ಟ್ರಪತಿ ಆಗಿ, 1977ರಲ್ಲಿ ಫಕ್ರುದ್ದೀನ್ ಅಲಿ ಅಹಮದ್ ತೀರಿಕೊಂಡಾಗ ಹಂಗಾಮಿ ರಾಷ್ಟ್ರಪತಿಯೂ ಆದವರು ಬಿ.ಡಿ. ಜತ್ತಿ. ಆ ‘ಬಿ’ ಬಸಪ್ಪ, ‘ಡಿ’ ದಾನಪ್ಪ. ಬಾಗೇವಾಡಿಯಿಂದ ಒಂದು ಹೊತ್ತಿನ ದಾರಿಯ ಊರಿನ ಬಸಪ್ಪ ರಾಷ್ಟ್ರಪತಿ ಭವನದ ಕುರ್ಚಿಯಲ್ಲಿ ಕೂತಿದ್ದರೂ ಪಠ್ಯಪುಸ್ತಕ ಓದಿದ ಮಕ್ಕಳಿಗೆ ಅಲ್ಲೊಬ್ಬ ಬಸಪ್ಪ ಇದ್ದನೆಂದು ಹೊಳೆಯುವುದಿಲ್ಲ.

1913ರಲ್ಲಿ ದಾವಣಗೆರೆಯಲ್ಲಿ ಹರ್ಡೇಕರ ಮಂಜಪ್ಪನವರು ಬಸವ ಜಯಂತಿಯನ್ನು ಸಾರ್ವಜನಿಕವಾಗಿ ಶುರುಮಾಡಿದರು. 2024ರ ಜನವರಿಯಲ್ಲಿ ಸರ್ಕಾರ ಬಸವಣ್ಣನವರನ್ನು ಸಾಂಸ್ಕೃತಿಕ ನಾಯಕನೆಂದು ಸಾರಿತು. ಭಾವಚಿತ್ರ ಕಚೇರಿ ಕಚೇರಿಯಲ್ಲೂ ಇದೆ. ತೊಟ್ಟಿಲಲ್ಲಿ ಮಾತ್ರ ಆರವ್, ವಿಹಾನ್‌ಗಳ ಸದ್ದು. ಮುತ್ಯಾನ ಹೆಸರು ಎರಡನೆಯ ಹೆಸರಾಗಿ ಹಿಂದೆ ಸರಿದಿದೆ. ಅದಕ್ಕೆ ತಕರಾರಿಲ್ಲ, ಹೆತ್ತವರ ಇಷ್ಟ. ಬೇಡುವುದು ಇಷ್ಟೇ: ಈಗಾಗಲೇ ಬಸಪ್ಪ, ಬಸವರಾಜ, ಸಂಗನಬಸಪ್ಪ ಆಗಿರುವವರು ಮದುವೆ ಪತ್ರಿಕೆಯಲ್ಲಿ, ಬಾಗಿಲ ಫಲಕದಲ್ಲಿ, ಮಕ್ಕಳ ಶಾಲೆಯ ಅರ್ಜಿಯಲ್ಲಿ ದಯವಿಟ್ಟು ‘ಬಿ’ ಎಂದು ಬರೆದು ಚುಕ್ಕೆ ಇಡಬೇಡಿ. ನಾಲ್ಕಕ್ಷರ ಹೆಚ್ಚಾದರೂ ಸರಿ, ಹೆಸರನ್ನು ಪೂರ್ತಿ ಬರೆಯಿರಿ.